ಭೀತಿಕಥನದ ಚಿತ್ರಕಥೆ: ಶಿವಮೊಗ್ಗ ಸೀಮೆಯ ಪಾಲು

ಓದುಗರಲ್ಲಿ ಭಯ ಹುಟ್ಟಿಸುವ ಕಥೆ, ಕಾದಂಬರಿಗಳನ್ನು ತೆರೆಗೆ ಒಗ್ಗಿಸುವ ಬರವಣಿಗೆಯೇ ಭೀತಿಕಥನದ ಚಿತ್ರಕಥೆ. ಕನ್ನಡದಲ್ಲಿ ಇದಕ್ಕೆ ಎರಡು ಕವಲುಗಳಿವೆ. ಒಂದು ದೆವ್ವ, ಮಾಟ, ಪುನರ್ಜನ್ಮಗಳದು. ಇನ್ನೊಂದು ದೆವ್ವವಿಲ್ಲದೆಯೂ ಎದೆ ನಡುಗಿಸುವ ಮನುಷ್ಯಲೋಕದ್ದು. ಎರಡನೆಯದನ್ನು ಬೆಳೆಸಿದವರಲ್ಲಿ ಶಿವಮೊಗ್ಗ ಸೀಮೆಯವರು ಮುಖ್ಯರು.

ಜನಪ್ರಿಯ ಕವಲು

ಅಮೆರಿಕದ ವಿಲಿಯಂ ಪೀಟರ್ ಬ್ಲಾಟಿ 1971ರಲ್ಲಿ ‘ದಿ ಎಕ್ಸಾರ್ಸಿಸ್ಟ್’ ಕಾದಂಬರಿ ಬರೆದರು. 1973ರ ಚಿತ್ರಕ್ಕೆ ಚಿತ್ರಕಥೆಯನ್ನೂ ತಾವೇ ಬರೆದು ಆಸ್ಕರ್ ಪಡೆದರು. ತೆಲುಗಿನಲ್ಲಿ ಯಂಡಮೂರಿ ವೀರೇಂದ್ರನಾಥರ ‘ತುಳಸಿದಳಂ’ ಇಂಥದೇ ವಸ್ತುವನ್ನು ನಮ್ಮ ಮಾಟಮಂತ್ರದ ನಂಬಿಕೆಗಳ ನಡುವೆ ಇಟ್ಟಿತು. ಪುಟ್ಟ ಹುಡುಗಿಯ ನರಳಾಟಕ್ಕೆ ಕಾರಣ ಮಾಟವೋ ಮನೋರೋಗವೋ ಎಂಬ ಸಂಶಯವೇ ಅದರ ಜೀವ. ಕನ್ನಡದ ಓದುಗರೂ ಅದನ್ನು ಮುಗಿಬಿದ್ದು ಓದಿದರು. 1985ರಲ್ಲಿ ವೇಮಗಲ್ ಜಗನ್ನಾಥರಾವ್ ‘ತುಳಸಿದಳ’ವನ್ನು ತೆರೆಗೆ ತಂದರು.

‘ಘಟಶ್ರಾದ್ಧ’

ಗಿರೀಶ ಕಾಸರವಳ್ಳಿ ಹುಟ್ಟಿದ್ದು 1950ರಲ್ಲಿ, ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ. ಶಿವಮೊಗ್ಗದಲ್ಲಿ ಓದಿ, ಮಣಿಪಾಲದಲ್ಲಿ ಔಷಧ ವಿಜ್ಞಾನ ಕಲಿತು, ಕೊನೆಗೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದರು. ಅದೇ ತಾಲ್ಲೂಕಿನ ಯು.ಆರ್. ಅನಂತಮೂರ್ತಿಯವರ ಕಥೆಯನ್ನು ಆಧರಿಸಿದ ‘ಘಟಶ್ರಾದ್ಧ’ (1977) ಅವರಿಗೆ ಸ್ವರ್ಣಕಮಲ ತಂದಿತು. ಬಸಿರಾದ ವಿಧವೆ ಯಮುನೆಯನ್ನು ಅಗ್ರಹಾರ ಬಹಿಷ್ಕರಿಸುವುದನ್ನು ನಾಣಿ ಎಂಬ ಬಾಲಕನ ಕಣ್ಣಿನಲ್ಲೇ ಕಾಣುತ್ತೇವೆ. ಕಾಡಿನ ಕತ್ತಲು, ಹಾವಿನ ಹುತ್ತ ಮೊದಲು ಮಗುವನ್ನು ಹೆದರಿಸುತ್ತವೆ. ಕಥೆ ಸಾಗಿದಂತೆ ಅವುಗಳಿಗಿಂತ ಘೋರವಾದುದು ಊರಿನ ಹಿರಿಯರ ನಿಷ್ಕರುಣೆ ಎಂಬುದು ನೋಡುಗನಿಗೆ ಮನದಟ್ಟಾಗುತ್ತದೆ. ಮಾತು ಕಡಿಮೆ ಮಾಡಿ, ಕಪ್ಪುಬಿಳುಪಿನ ನೆರಳಿಗೂ ಸದ್ದಿಗೂ ಭಯವನ್ನು ಒಪ್ಪಿಸಿದ್ದು ಈ ಚಿತ್ರಕಥೆಯ ದೊಡ್ಡ ಸಾಧನೆ. ಪುನರುಜ್ಜೀವನಗೊಂಡ ಪ್ರತಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು.

ಮನಸ್ಸು, ಸಾವು, ನೀರು

ಸಾಗರದ ನಾ. ಡಿಸೋಜ (1937–2025) ಅವರ ‘ಕಾಡಿನ ಬೆಂಕಿ’ಯನ್ನು ಸುರೇಶ್ ಹೆಬ್ಳೀಕರ್ ಚಿತ್ರವಾಗಿಸಿದರು. ದಾಂಪತ್ಯವನ್ನು ಒಳಗಿನಿಂದಲೇ ಸುಡುವ ಮನೋವಿಕಾರ ಅದರ ವಸ್ತು. ಅದಕ್ಕೆ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂತು. ಶಿವಮೊಗ್ಗ ನಗರದ ಮನೋವೈದ್ಯ, ಲೇಖಕ ಕೆ.ಎ. ಅಶೋಕ್ ಪೈ ಅವರು ಹೆಬ್ಳೀಕರ್ ಜೊತೆಗೂಡಿ ಮನಸ್ಸಿನ ತೊಡಕುಗಳನ್ನು ಕುರಿತ ಚಿತ್ರಗಳಿಗೆ ದುಡಿದರು. ‘ಮೈಮೇಲೆ ಬಂದಿದೆ’ ಎಂದು ಜನ ಭಯಪಡುತ್ತಿದ್ದ ಎಷ್ಟೋ ಲಕ್ಷಣಗಳನ್ನು ರೋಗಿಯ ನೋವೆಂದು ಕಾಣುವ ದೃಷ್ಟಿ ಈ ಬಗೆಯ ಚಿತ್ರಗಳಿಂದ ಬಲಗೊಂಡಿತು.

ಕುಪ್ಪಳಿ ಮೂಲದ ಪೂರ್ಣಚಂದ್ರ ತೇಜಸ್ವಿಯವರ ಕಥೆಯನ್ನು ಸದಾನಂದ ಸುವರ್ಣ ‘ಕುಬಿ ಮತ್ತು ಇಯಾಲ’ ಚಿತ್ರವಾಗಿ ನಿರ್ದೇಶಿಸಿದರು. ಮೌಢ್ಯ ಕವಿದ ಹಳ್ಳಿಯಲ್ಲಿ ಹುಡುಗಿಯೊಬ್ಬಳ ಸಾವಿನ ನಿಜವನ್ನು ವೈದ್ಯನೊಬ್ಬ ಹುಡುಕುವ ಕಥೆ ಅದು.

ಡಿಸೋಜರ ‘ದ್ವೀಪ’ ಕಾಸರವಳ್ಳಿಯವರ ಕೈಯಲ್ಲಿ 2002ರಲ್ಲಿ ಚಿತ್ರವಾಗಿ ಮತ್ತೊಂದು ಸ್ವರ್ಣಕಮಲ ಗಳಿಸಿತು. ಅಣೆಕಟ್ಟಿನ ಹಿನ್ನೀರು ಮೆಲ್ಲಮೆಲ್ಲನೆ ಏರುವುದೇ ಇಲ್ಲಿನ ಭಯ. ಹೆಂಡತಿ ನಾಗಿ ಹೋರಾಡಿ ಮನೆ ಉಳಿಸಿದರೂ ಗಂಡ ಅದನ್ನು ದೇವರ ಲೆಕ್ಕಕ್ಕೆ ಬರೆಯುತ್ತಾನೆ.

‘ಕನಸೆಂಬ ಕುದುರೆಯನೇರಿ’

ಗೋಪಾಲಕೃಷ್ಣ ಪೈ ಅವರ ಕಥೆಗೆ ಪೈ ಮತ್ತು ಕಾಸರವಳ್ಳಿ ಕೂಡಿ ಬರೆದ ಈ ಚಿತ್ರಕಥೆಗೆ, 2009ರ ಸಾಲಿನ ಅತ್ಯುತ್ತಮ ರೂಪಾಂತರಿತ ಚಿತ್ರಕಥೆ ರಾಷ್ಟ್ರಪ್ರಶಸ್ತಿ ಸಂದಿತು. ಗುಂಡಿ ತೋಡುವ ಈರ್ಯನಿಗೆ ಕನಸಿನಲ್ಲಿ ಸಿದ್ಧ ಕಂಡರೆ ಊರಿನಲ್ಲಿ ಸಾವಾಯಿತೆಂದೇ ಅರ್ಥ. ಒಮ್ಮೆ ಕನಸು ಬಿದ್ದರೂ ಗೌಡರ ಮನೆಯವರು ಯಾರೂ ಸತ್ತಿಲ್ಲ ಎನ್ನುತ್ತಾರೆ. ಅವರು ಸಾವನ್ನು ಮುಚ್ಚಿಟ್ಟಿರುವುದು, ಅದೇ ಘಟನೆಯನ್ನು ಇನ್ನೊಂದು ಬದಿಯಿಂದ ಮತ್ತೆ ಹೇಳಿದಾಗಲಷ್ಟೇ ನೋಡುಗನಿಗೆ ತಿಳಿಯುತ್ತದೆ.

ಮಹತ್ವ

ಕಾದಂಬರಿಯ ಭಯ ಇರುವುದು ನಿರೂಪಕನ ಮಾತಿನಲ್ಲಿ. ಚಿತ್ರಕಥೆಗಾರ ಅದನ್ನು ಯಾರು ನೋಡುತ್ತಾರೆ, ಯಾವಾಗ ನೋಡುತ್ತಾರೆ ಎಂಬ ಲೆಕ್ಕಾಚಾರಕ್ಕೆ ತರಬೇಕು. ನಾಣಿಯ ಕಣ್ಣು, ಏರುವ ನೀರು, ಎರಡು ಬಾರಿ ಹೇಳಿದ ಸಾವು, ಈ ಮೂರೂ ಆ ಕೆಲಸದ ಮಾದರಿಗಳು. ಭಯದ ಮೂಲವನ್ನು ಆಚೆಗಿನ ಲೋಕದಲ್ಲಿ ಹುಡುಕದೆ ನಮ್ಮ ಮನೆ, ಮಠ, ಅಧಿಕಾರಗಳಲ್ಲಿ ತೋರಿಸಿದ ಧೈರ್ಯ ಈ ಸೀಮೆಯ ಲೇಖಕರು ಕನ್ನಡ ಚಿತ್ರರಂಗಕ್ಕೆ ಕೊಟ್ಟ ಶಾಶ್ವತ ಕೊಡುಗೆ.