ಮುಂದಿನ ಸಾಲಿನ ಕುರ್ಚಿ

ನಮ್ಮೂರು ಅರಸೀಕೆರೆ ಪಕ್ಕದ ಮಾಲೇಕಲ್ಲು. ಆಷಾಢದ ತೇರಿನ ದಿನ ಬೆಟ್ಟದ ಬುಡದ ಮಂಡಕ್ಕಿ ಅಂಗಡಿಯಲ್ಲಿ ಟೇಪ್ ರೆಕಾರ್ಡರ್ ಓಡ್ತಿತ್ತು. ಹಾಡಲ್ಲ. ಒಬ್ಬ ಮನುಷ್ಯ ಉಸಿರು ಬಿಡದೆ ಮಾತಾಡ್ತಿದ್ದ, ಸುತ್ತ ನಿಂತವರು ಬಿದ್ದು ಬಿದ್ದು ನಗ್ತಿದ್ದರು.

"ಯಾರಪ್ಪಾ ಇದು?" ಅಂದೆ.

"ಮಾಸ್ಟರ್ ಹಿರಣ್ಣಯ್ಯ ಕಣೋ. ಲಂಚಾವತಾರ."

ಅಪ್ಪ ಸರ್ಕಾರಿ ನೌಕರರು. ಎಲ್ಲರಿಗಿಂತ ಜೋರಾಗಿ ನಕ್ಕಿದ್ದು ಅವರೇ!

ಹಿರಣ್ಣಯ್ಯನವರು ಹುಟ್ಟಿದ್ದು 1934ರಲ್ಲಿ, ಮೈಸೂರಿನಲ್ಲಿ. ನಿಜವಾದ ಹೆಸರು ನರಸಿಂಹಮೂರ್ತಿ. ತಂದೆ ಕೆ. ಹಿರಣ್ಣಯ್ಯ ನಾಟಕ ಬರೆದವರು, ಕಂಪನಿ ಕಟ್ಟಿದವರು, 1943ರಲ್ಲಿ 'ವಾಣಿ' ಸಿನಿಮಾ ಮಾಡಿದವರು. 1953ರಲ್ಲಿ ಅವರು ತೀರಿಕೊಂಡಾಗ ಮಗನಿಗೆ 19 ವರ್ಷ. ಆ ವಯಸ್ಸಿನಲ್ಲಿ ನಾನು ಎಂಜಿನಿಯರಿಂಗ್ ಕಾಲೇಜಲ್ಲಿ ಬ್ಯಾಕ್‌ಲಾಗ್ ಲೆಕ್ಕ ಹಾಕ್ತಿದ್ದೆ. ಆ ಹುಡುಗನ ಹೆಗಲಿಗೆ ಬಿದ್ದದ್ದು 'ಹಿರಣ್ಣಯ್ಯ ಮಿತ್ರ ಮಂಡಳಿ'.

ಕಂಪನಿ ನಾಟಕ ಅಂದ್ರೆ ಟಿಕೆಟ್ ಹಣವೇ ಅನ್ನ. ಕಲಾವಿದರ ಸಂಬಳ, ಪರದೆ, ಲಾರಿ ಬಾಡಿಗೆ, ಮುಂದಿನ ಮೊಕ್ಕಾಂ, ಎಲ್ಲಕ್ಕೂ ಅದೇ. ಅಂಥವನು ಯಾರನ್ನೂ ಎದುರು ಹಾಕಿಕೊಳ್ಳಬಾರದು ತಾನೇ? ಇವರು ಲಂಚದ ಮೇಲೇ ನಾಟಕ ಬರೆದು ಸಾವಿರಾರು ಪ್ರದರ್ಶನ ಕೊಟ್ಟರು. 'ಮಕ್ಮಲ್ ಟೋಪಿ', 'ನಡುಬೀದಿ ನಾರಾಯಣ' ಕೂಡ ಇದೇ ಜಾಯಮಾನದವು. ನನ್ನ ಕೇಳಿದರೆ ಈ ನಾಟಕಗಳಲ್ಲಿ ಕಥೆ ತೆಳು. ಆದರೆ ಜನ ಕಥೆಗೆ ಬರ್ತಿರಲಿಲ್ಲ. ಅವತ್ತಿನ ರಾಜಕೀಯ ರಾತ್ರಿ ಅವರ ಬಾಯಲ್ಲಿ ಏನಾಗುತ್ತೆ ಅಂತ ನೋಡೋಕೆ ಬರ್ತಿದ್ದರು. ನಿನ್ನೆಯ ಮಾತು ಇವತ್ತಿಲ್ಲ. ಮುಂದಿನ ಸಾಲಲ್ಲಿ ಮಂತ್ರಿ ಕೂತಿದ್ದರೂ ಸರಿ, ಏಟು ಬೀಳ್ತಿತ್ತು.

ನನ್ನದೂ ಅದೇ ಕಸುಬು ನೋಡಿ, ಅವತ್ತಿನ ಸುದ್ದಿ ಅವತ್ತೇ. ಆದರೆ ನನ್ನ ಮುಂದೆ ಇರೋದು ಕ್ಯಾಮೆರಾ, ಮಂತ್ರಿಯಲ್ಲ. ಆದರೂ ಕೆಲಸಕ್ಕೆ ಸೇರಿದ ಹೊಸತರಲ್ಲಿ, ಒಂದು ಫೋನ್ ಬಂತು ಅನ್ನೋ ಕಾರಣಕ್ಕೆ ಟೆಂಡರ್ ಹಗರಣದ ಎರಡು ಸಾಲನ್ನ ನಾನೇ ಅಳಿಸಿ ಓದಿದ್ದೇನೆ. ಯಾರೂ ಹೆದರಿಸಿರಲಿಲ್ಲ, "ಸ್ವಲ್ಪ ನೋಡ್ಕೊಳ್ಳಿ" ಅಂದಿದ್ದರು, ಅಷ್ಟೇ.

2019ರ ಮೇ 2ರಂದು ಹಿರಣ್ಣಯ್ಯನವರು ಹೋದರು. ಲೋಕಸಭಾ ಚುನಾವಣೆಯ ಭರಾಟೆ. ನನಗೆ ಸಿಕ್ಕಿದ್ದು ಎರಡೇ ನಿಮಿಷ. 'ಲಂಚಾವತಾರ'ದ ಒಂದು ತುಣುಕು ಹಾಕಿದೆವು. ಕಿವಿಯ ಇಯರ್‌ಪೀಸ್‌ನಲ್ಲಿ ಕಂಟ್ರೋಲ್ ರೂಮಿನ ಹುಡುಗರು ನಗೋದು ಕೇಳಿಸ್ತಿತ್ತು. ಪ್ರೊಡ್ಯೂಸರ್ "ಬ್ರೇಕ್, ಬ್ರೇಕ್" ಅಂತ ಕೂಗ್ತಿದ್ದರೂ ತುಣುಕು ಮುಗಿಯೋವರೆಗೆ ಯಾರೂ ಕಟ್ ಮಾಡಲಿಲ್ಲ.