ಬಟಾಟೆ: ಒಂದು ಶಬ್ದದ ಅರ್ಥಸಂಚಾರ

೧

ಒಂದೇ ಶಬ್ದಕ್ಕೆ ದೇಶಭೇದದಿಂದ ಬೇರೆಬೇರೆ ಅರ್ಥಗಳು ಕಂಡುಬಂದಾಗ ಅವುಗಳಲ್ಲಿ ಯಾವುದನ್ನು ಗ್ರಹಿಸಬೇಕೆಂಬ ಪ್ರಶ್ನೆಯು ಭಾರತೀಯ ಶಾಸ್ತ್ರಪರಂಪರೆಗೆ ಹೊಸದಲ್ಲ. ಜೈಮಿನಿಯ ಮೀಮಾಂಸಾಸೂತ್ರಗಳಲ್ಲಿ ಮೊದಲನೆಯ ಅಧ್ಯಾಯದ ಮೂರನೆಯ ಪಾದವು ಈ ವಿಚಾರವನ್ನು ಎತ್ತಿಕೊಂಡಿದೆ. ಶಬರಸ್ವಾಮಿಗಳು ತಮ್ಮ ಭಾಷ್ಯದಲ್ಲಿ ಯವ, ವರಾಹ, ವೇತಸ ಎಂಬ ಮೂರು ಶಬ್ದಗಳನ್ನು ಉದಾಹರಿಸುತ್ತಾರೆ. ಯವವೆಂದರೆ ಕೆಲವರಿಗೆ ಜವೆಗೋದಿ, ಕೆಲವರಿಗೆ ನವಣೆ. ವರಾಹವೆಂದರೆ ಕೆಲವರಿಗೆ ಹಂದಿ, ಕೆಲವರಿಗೆ ಒಂದು ಬಗೆಯ ಕರಿಯ ಹಕ್ಕಿ. ವೇತಸವೆಂದರೆ ಕೆಲವರಿಗೆ ಬೆತ್ತ, ಕೆಲವರಿಗೆ ನೇರಿಳೆ. ಇಂಥಲ್ಲಿ ಶಾಸ್ತ್ರಕ್ಕೆ ಹೊಂದುವ ಅರ್ಥವೇ ಬಲವತ್ತರವೆಂದು ಅಲ್ಲಿಯ ನಿರ್ಣಯ. ಅದರ ಮುಂದಿನ ಅಧಿಕರಣದಲ್ಲಿ ಪಿಕ, ನೇಮ, ಸತ, ತಾಮರಸ ಎಂಬ ಶಬ್ದಗಳು ಬರುತ್ತವೆ. ಇವು ಆರ್ಯರ ಬಳಕೆಯಲ್ಲಿ ಅರ್ಥಪ್ರಸಿದ್ಧಿಯನ್ನು ಪಡೆಯದೆ ಅನ್ಯಭಾಷಿಗಳಲ್ಲಿ ಪಡೆದಿರುವುದರಿಂದ, ಅವರ ಬಳಕೆಯಿಂದಲೇ ಅರ್ಥವನ್ನು ತಿಳಿಯತಕ್ಕದ್ದೆಂದು ಅಲ್ಲಿ ಸಿದ್ಧಾಂತ ಮಾಡಲಾಗಿದೆ. ತಾಮರಸವನ್ನು ಕನ್ನಡದ ತಾವರೆ, ತಮಿಳಿನ ತಾಮರೈ ಶಬ್ದಗಳೊಡನೆ ಹೋಲಿಸಿ ನೋಡುವುದು ಆಧುನಿಕ ವಿದ್ವಾಂಸರಲ್ಲಿ ರೂಢಿಯಾಗಿದೆ.

ಈ ಎರಡು ನ್ಯಾಯಗಳನ್ನೂ ಒರೆಗೆ ಹಚ್ಚುವುದಕ್ಕೆ ತಕ್ಕ ಶಬ್ದವೊಂದು ಕನ್ನಡದಲ್ಲಿ ಇದೆ. ಅದು ಪಂಡಿತರ ಶಬ್ದವಲ್ಲ. ಅಡಿಗೆಯ ಮನೆಯ ಶಬ್ದ. ಕರಾವಳಿಯಲ್ಲಿಯೂ ಉತ್ತರ ಕರ್ಣಾಟಕದಲ್ಲಿಯೂ ಕೇಳಿಬರುವ ‘ಬಟಾಟೆ’ ಎಂಬುದೇ ಅದು. ಘಟ್ಟದ ಮೇಲಣ ಹಾಸನದ ಸೀಮೆಯು ಈ ಗಡ್ಡೆಯನ್ನು ಬಹುವಾಗಿ ಬೆಳೆದು ಹೆಸರಾಗಿದೆ. ಆದರೆ ಅಲ್ಲಿಯ ಒಕ್ಕಲಿನ ಮಾತಿನಲ್ಲಿ ಬಟಾಟೆಯೆಂಬ ಹೆಸರಿಲ್ಲ. ಬೆಳೆ ಇರುವಲ್ಲಿ ಹೆಸರಿಲ್ಲದೆ, ಹೆಸರಿರುವ ಕರಾವಳಿಯಲ್ಲಿ ಬೆಳೆ ವಿರಳವಾಗಿರುವುದಕ್ಕೆ ಕಾರಣವೇನೆಂಬುದನ್ನು ಪರಿಶೀಲಿಸಿದರೆ, ಶಬ್ದದ ಇತಿಹಾಸವೂ ವಸ್ತುವಿನ ಇತಿಹಾಸವೂ ಒಂದೇ ದಾರಿಯಲ್ಲಿ ನಡೆಯಬೇಕಾಗಿಲ್ಲವೆಂಬ ಸಂಗತಿಯು ಸ್ಪಷ್ಟವಾಗುತ್ತದೆ.

೨

ಈ ಶಬ್ದದ ಮೂಲವು ಕರೀಬಿಯನ್ ದ್ವೀಪಗಳಲ್ಲಿದೆ. ೧೪೯೨ರಲ್ಲಿ ಕೊಲಂಬಸನು ಅಲ್ಲಿಗೆ ಹೋದಾಗ ಟೈನೊ ಎಂಬ ಜನರು ಅಲ್ಲಿ ವಾಸವಾಗಿದ್ದರು. ಅವರ ನುಡಿಯಿಂದ ಸ್ಪೇನಿನವರು ‘ಬತಾತ’ ಎಂಬ ಶಬ್ದವನ್ನು ಎತ್ತಿಕೊಂಡರು. ಅದರ ಅರ್ಥ ಸಿಹಿಗೆಣಸು. ಇಂದು ಕನ್ನಡಿಗರು ಆಲೂಗಡ್ಡೆಯೆನ್ನುವ ಪದಾರ್ಥವನ್ನು ಆ ಕಾಲದ ಸ್ಪೇನಿನವರು ಕಂಡೇ ಇರಲಿಲ್ಲ. ಅದು ದಕ್ಷಿಣ ಅಮೆರಿಕದ ಆಂಡೀಸ್ ಪರ್ವತಗಳ ಬೆಳೆ. ೧೫೩೦ರ ದಶಕದಲ್ಲಿ ಪೆರು ದೇಶವನ್ನು ಹಿಡಿದ ಬಳಿಕ ಅವರಿಗೆ ಅದರ ಪರಿಚಯವಾಯಿತು. ಅಲ್ಲಿಯ ಕೆಚುವಾ ಭಾಷೆಯಲ್ಲಿ ಅದರ ಹೆಸರು ‘ಪಾಪ’.

ಈ ಎರಡು ಗಡ್ಡೆಗಳಿಗೂ ಸಸ್ಯಶಾಸ್ತ್ರದ ದೃಷ್ಟಿಯಿಂದ ಹತ್ತಿರದ ನಂಟಿಲ್ಲ. ಒಂದು ಬಳ್ಳಿಯ ಬೇರು, ಮತ್ತೊಂದು ಬದನೆಯ ಕುಲಕ್ಕೆ ಸೇರಿದ ಗಿಡದ ನೆಲದೊಳಗಣ ಕಾಂಡ. ಆದರೂ ಎರಡೂ ಹೊಸ ಖಂಡದಿಂದ ಬಂದ, ನೆಲದಿಂದ ಅಗೆದು ಬೇಯಿಸಿ ತಿನ್ನುವ ಗಡ್ಡೆಗಳು. ಸಾದೃಶ್ಯದಿಂದ ಹುಟ್ಟುವ ಲಕ್ಷಣೆಗೆ ಇಷ್ಟು ಸಾಕು. ಬತಾತ, ಪಾಪ ಎಂಬೆರಡೂ ಒಂದರೊಡನೊಂದು ಬೆರೆತು ಸ್ಪೇನಿನಲ್ಲಿ ‘ಪತಾತ’ ಎಂಬ ಮೂರನೆಯ ರೂಪವು ಹುಟ್ಟಿತು. ಇಂದಿಗೂ ಸ್ಪೇನಿನ ಬಹುಭಾಗದಲ್ಲಿ ಆಲೂಗಡ್ಡೆಯು ‘ಪತಾತ’. ಕನೇರಿ ದ್ವೀಪಗಳಲ್ಲಿಯೂ ಅಮೆರಿಕದ ಸ್ಪ್ಯಾನಿಷ್ ನಾಡುಗಳಲ್ಲಿಯೂ ‘ಪಾಪ’. ಸಿಹಿಗೆಣಸಿಗೆ ಅರ್ಜೆಂಟೀನದಲ್ಲಿ ‘ಬತಾತ’, ಮೆಕ್ಸಿಕೊ ಪೆರುಗಳಲ್ಲಿ ‘ಕಮೋತೆ’. ಪೋರ್ತುಗೀಸರಾದರೋ ಬತಾತವನ್ನು ಆಲೂಗಡ್ಡೆಗೆ ಕೊಟ್ಟು, ಹೆಸರಿನ ಮೊದಲ ಒಡೆಯನಾದ ಗೆಣಸಿಗೆ ‘ಸಿಹಿ’ ಎಂಬ ವಿಶೇಷಣವನ್ನು ಸೇರಿಸಿ ‘ಬತಾತ ದೋಸೆ’ ಎಂದು ಕರೆದರು. ಇಂಗ್ಲಿಷಿನ ‘ಪೊಟೇಟೊ’ ಶಬ್ದವೂ ಮೊದಲು ಸಿಹಿಗೆಣಸನ್ನೇ ಹೇಳುತ್ತಿದ್ದು ಬಳಿಕ ಆಲೂಗಡ್ಡೆಗೆ ಸರಿಯಿತು. ಸಸ್ಯಶಾಸ್ತ್ರದ ಲ್ಯಾಟಿನ್ ಹೆಸರೂ ಮೂಲಾರ್ಥವನ್ನು ಕದಲಿಸದೆ ಕಾಪಾಡಿದೆ: ಅಲ್ಲಿ ಸಿಹಿಗೆಣಸು ಇಂದಿಗೂ ‘ಬತಾತಾಸ್’.

೩

ಪೋರ್ತುಗೀಸರು ಗೋವೆಯನ್ನು ಗೆದ್ದುದು ೧೫೧೦ರಲ್ಲಿ. ಆಗ ಪೆರುವಿನ ಮೇಲೆ ಸ್ಪೇನಿನವರ ದಂಡಯಾತ್ರೆಯೇ ನಡೆದಿರಲಿಲ್ಲ. ಆಲೂಗಡ್ಡೆಯು ಸ್ಪೇನಿನ ಸೆವಿಲ್ ಪಟ್ಟಣದ ಆಸ್ಪತ್ರೆಯ ಲೆಕ್ಕಪತ್ರಗಳಲ್ಲಿ ಕಾಣಿಸಿಕೊಳ್ಳುವುದು ೧೫೭೦ರ ದಶಕದಲ್ಲಿ. ಆದುದರಿಂದ ಪಡುವಣ ಕರಾವಳಿಗೆ ಆ ಮೊದಲ ದಶಕಗಳಲ್ಲಿ ಬತಾತವೆಂಬ ಹೆಸರು ಬಂದಿದ್ದರೆ ಅದು ಸಿಹಿಗೆಣಸಿನ ಹೆಸರಾಗಿಯೇ ಬಂದಿರಬೇಕು. ಹೀಗಿದ್ದರೂ ಇಂದು ಕೊಂಕಣಿಯ ‘ಬಟಾಟೊ’, ಮರಾಠಿ ಗುಜರಾತಿಗಳ ‘ಬಟಾಟಾ’, ತುಳುನಾಡಿನ ‘ಬಟಾಟೆ’, ಧಾರವಾಡ ಬೆಳಗಾವಿಗಳ ‘ಬಟಾಟಿ’ ಇವೆಲ್ಲವೂ ಆಲೂಗಡ್ಡೆಯನ್ನೇ ಹೇಳುತ್ತವೆ. ಏಷ್ಯದ ಭಾಷೆಗಳಲ್ಲಿ ಸೇರಿದ ಪೋರ್ತುಗೀಸ್ ಶಬ್ದಗಳನ್ನು ೧೯೧೩ರಲ್ಲಿ ಸಂಗ್ರಹಿಸಿ ಪ್ರಕಟಿಸಿದ ಗೋವೆಯ ವಿದ್ವಾಂಸ ದಲ್ಗಾದೊ ಅವರ ಗ್ರಂಥದಲ್ಲಿ ಈ ಶಬ್ದಕ್ಕೂ ಸ್ಥಾನವಿದೆ.

ಆದರೆ ಕಡಲನ್ನು ದಾಟಿ ಸಿಂಹಳಕ್ಕೆ ಹೋದರೆ ಸ್ಥಿತಿಯು ತಿರುವುಮುರುವಾಗುತ್ತದೆ. ಸಿಂಹಳ ಭಾಷೆಯಲ್ಲಿ ‘ಬತಲ’ ಎಂದರೆ ಸಿಹಿಗೆಣಸು. ಆಲೂಗಡ್ಡೆಗೆ ‘ಅರ್ತಾಪಲ್’ ಎಂದು ಹೆಸರು. ಈ ಎರಡನೆಯದು ಪೋರ್ತುಗೀಸರ ತರುವಾಯ ಅಲ್ಲಿ ಆಳಿದ ಡಚ್ಚರ ಮಾತು. ‘ಭೂಮಿಯ ಸೇಬು’ ಎಂದು ಅದರ ಅವಯವಾರ್ಥ. ಮೊದಲು ಬಂದ ಹೆಸರು ಮೊದಲು ಬಂದ ಗಡ್ಡೆಯಲ್ಲಿಯೂ, ಬಳಿಕ ಬಂದ ಹೆಸರು ಬಳಿಕ ಬಂದ ಗಡ್ಡೆಯಲ್ಲಿಯೂ ನಿಂತಿರುವುದು ಅಲ್ಲಿ ಕಾಣುತ್ತದೆ.

ಕನ್ನಡದಲ್ಲಿ ಹೀಗಾಗದಿದ್ದುದಕ್ಕೆ ಕಾರಣವನ್ನು ಕನ್ನಡದೊಳಗೇ ಹುಡುಕಬೇಕು. ‘ಗೆಣಸು’ ದೇಶ್ಯಶಬ್ದ. ಕಾಡಿನಲ್ಲಿ ಅಗೆದು ತಿನ್ನುವ ಬಳ್ಳಿಗಡ್ಡೆಗಳಿಗೂ ಗೆಣಸೆಂದೇ ಹೆಸರು. ಅಮೆರಿಕದಿಂದಲೇ ಬಂದ ಮತ್ತೊಂದು ಗಡ್ಡೆಯು ‘ಮರಗೆಣಸು’ ಎನಿಸಿಕೊಂಡಿತು. ಬಳ್ಳಿಯಲ್ಲಿ ಬೆಳೆವ ಸಿಹಿಯಾದ ಹೊಸ ಗಡ್ಡೆಯು ಬಂದಾಗ ಅದನ್ನು ಕೂರಿಸಿಕೊಳ್ಳುವುದಕ್ಕೆ ಈ ಹಳೆಯ ಶಬ್ದವು ಸಿದ್ಧವಾಗಿಯೇ ಇದ್ದಿತು. ಮರಾಠಿಯಲ್ಲಿಯೂ ಸಿಹಿಗೆಣಸಿಗೆ ‘ರತಾಳೆ’ ಎಂಬ ಹೆಸರು ನಿಂತಿತು. ಅದು ಸಂಸ್ಕೃತದ ‘ರಕ್ತಾಲು’ವಿನ ತದ್ಭವ. ಅದೇ ರಕ್ತಾಲುವಿನಿಂದ ಬಂದ ಗುಜರಾತಿಯ ‘ರತಾಳು’ ನೇರಿಳೆ ಬಣ್ಣದ ಬೇರೊಂದು ಬಳ್ಳಿಗಡ್ಡೆಯ ಹೆಸರು. ಹೀಗೆ ಹಳೆಯ ದೇಶೀಯ ನಾಮವು ಗೆಣಸನ್ನು ಹಿಡಿದುಕೊಂಡುದರಿಂದ, ಪರದೇಶದ ನಾಮವು ಆಶ್ರಯವಿಲ್ಲದೆ, ಅನಂತರ ಬಂದ ಆಲೂಗಡ್ಡೆಯನ್ನು ಆಶ್ರಯಿಸಿತೆಂದು ಊಹಿಸುವುದು ಯುಕ್ತವಾಗಿದೆ. ಗೋವೆಯ ಪೋರ್ತುಗೀಸರ ಮಾತಿನಲ್ಲಿಯೂ ಅರ್ಥವು ಅದೇ ಕಡೆಗೆ ಸರಿದುದು ಇದಕ್ಕೆ ಬೆಂಬಲವಾಯಿತು.

೪

ಇನ್ನು ಘಟ್ಟದ ಮೇಲಣ ನಾಡು. ಹೇಮಾವತಿಯ ದಡದ ಹೊಳೆನರಸೀಪುರಕ್ಕೆ ಸೇರಿದ ಹಳೇಕೋಟೆಯಲ್ಲಾಗಲಿ, ನೆರೆಯ ಹಾಸನ, ಅರಕಲಗೂಡು, ಚನ್ನರಾಯಪಟ್ಟಣಗಳ ಸೀಮೆಯಲ್ಲಾಗಲಿ ಈ ಬೆಳೆಗೆ ಆಲೂಗಡ್ಡೆ ಅಥವಾ ಆಲೂಗೆಡ್ಡೆ ಎಂದೇ ಹೆಸರು. ಮುಂಗಾರಿನ ಮೊದಲ ಮಳೆಗಳು ಬಿದ್ದ ಮೇಲೆ ಮೇ, ಜೂನ್ ತಿಂಗಳುಗಳಲ್ಲಿ ಇದರ ಬಿತ್ತನೆ. ಬಿತ್ತನೆಯ ಗಡ್ಡೆಯು ದೂರದ ಪಂಜಾಬಿನ ಜಲಂಧರದಿಂದ ಹಾಸನದ ಮಾರುಕಟ್ಟೆಗೆ ಬರುತ್ತದೆ. ಹೆಚ್ಚಾಗಿ ಬಳಕೆಯಾದ ತಳಿಯಾದ ‘ಕುಫ್ರಿ ಜ್ಯೋತಿ’ಯು ಹಿಮಾಚಲದ ಕುಫ್ರಿ ಎಂಬ ಊರಿನ ಹೆಸರನ್ನು ಹೊತ್ತಿದೆ. ಈಚಿನ ದಶಕಗಳಲ್ಲಿ ಅಂಗಮಾರಿ ರೋಗದ ಬಾಧೆಯಿಂದ ಈ ಬೆಳೆಯ ವಿಸ್ತಾರವು ಬಹಳ ಕುಗ್ಗಿದೆಯಾದರೂ, ಹಾಸನದ ಹೆಸರಿನೊಡನೆ ಇದರ ಸಂಬಂಧವು ಕಡಿದುಹೋಗಿಲ್ಲ.

ಈ ಸೀಮೆಯಿಂದ ಸಕಲೇಶಪುರದ ಮಾರ್ಗವಾಗಿ ಶಿರಾಡಿ ಘಟ್ಟವನ್ನು ಇಳಿದವರಿಗೆ ಅದೇ ಗಡ್ಡೆಯು ಬಟಾಟೆಯಾಗಿ ಎದುರಾಗುತ್ತದೆ. ಗಡ್ಡೆಯು ಘಟ್ಟವನ್ನು ಇಳಿಯಿತು. ಹೆಸರು ಘಟ್ಟವನ್ನು ಹತ್ತಲಿಲ್ಲ. ಏಕೆಂದರೆ ಒಳನಾಡಿನಲ್ಲಿ ಈ ಕೃಷಿಯು ಹರಡಿದುದು ಗೋವೆಯ ಬಲದಿಂದಲ್ಲ, ಇಂಗ್ಲಿಷರ ಆಡಳಿತಕಾಲದಲ್ಲಿ. ನೀಲಗಿರಿಯಲ್ಲಿ ಜಾನ್ ಸಲಿವನ್ ಇದನ್ನು ಬೆಳೆಸಲು ತೊಡಗಿದುದು ೧೮೨೦ರ ದಶಕದಲ್ಲಿ. ತೆಲುಗಿನ ‘ಬಂಗಾಳಾದುಂಪ’ ಎಂಬ ಹೆಸರು ಮೂಡಣ ದಾರಿಯನ್ನು ಬಾಯಿಬಿಟ್ಟು ಹೇಳುತ್ತದೆ. ಕನ್ನಡದ ಆಲೂಗಡ್ಡೆಯಲ್ಲಿ ಮೊದಲರ್ಧವು ಉತ್ತರ ಹಿಂದೂಸ್ಥಾನದ್ದು, ಎರಡನೆಯ ಅರ್ಧವು ಮನೆಯದು. ‘ಆಲು’ ಎಂದರೂ ಗಡ್ಡೆ, ‘ಗಡ್ಡೆ’ ಎಂದರೂ ಗಡ್ಡೆ. ಹಿಂದಣ ಶಬ್ದದ ಅರ್ಥವನ್ನು ಅರಿಯದ ಬಾಯಿ ಮುಂದಣ ಶಬ್ದವನ್ನು ಜೋಡಿಸಿಕೊಂಡಿತು. ಬೆಂಗಳೂರು ಕೋಲಾರಗಳ ಕಡೆ ಕೇಳಿಬರುವ ‘ಉರುಳಗಡ್ಡೆ’ಯು ಆಕಾರದಿಂದ ಬಂದ ಅನ್ವರ್ಥನಾಮ, ತಮಿಳಿನ ‘ಉರುಳೈಕ್ಕಿಳಂಗು’ ಅದರ ಜೊತೆಯದು. ಇದನ್ನು ಉತ್ತರ ಕರ್ಣಾಟಕದ ‘ಉಳ್ಳಾಗಡ್ಡಿ’ಯೊಡನೆ ಬೆರೆಸಬಾರದು. ಅದು ಉಳ್ಳಿಯ ಗಡ್ಡೆ, ಎಂದರೆ ಈರುಳ್ಳಿ. ಕೋಲಾರದವನು ಒಂದನ್ನು ಕೇಳಿದರೆ ಧಾರವಾಡದ ಅಂಗಡಿಯವನು ಇನ್ನೊಂದನ್ನು ತೂಗಿಕೊಟ್ಟಾನು.

೫

ಇಷ್ಟರಿಂದ ಪ್ರಾಚೀನ ಗ್ರಂಥಗಳ ಪಾಠಕರಿಗೆ ಆಗಬೇಕಾದ ಉಪಕಾರವೇನೆಂಬುದನ್ನು ಹೇಳಬೇಕು. ಈ ಕಾಲದ ವ್ಯಾವಹಾರಿಕ ಸಂಸ್ಕೃತದಲ್ಲಿ ಆಲೂಗಡ್ಡೆಗೆ ‘ಆಲುಕ’ ಎಂಬ ಶಬ್ದವು ರೂಢವಾಗಿದೆ. ಬಳಕೆಯ ಮಟ್ಟಿಗೆ ಇದು ದೋಷವಲ್ಲ. ಆದರೆ ಈ ಅರ್ಥವನ್ನು ಮೊದಲು ಕಲಿತ ವಿದ್ಯಾರ್ಥಿಯು ಸುಶ್ರುತಸಂಹಿತೆಯ ಸೂತ್ರಸ್ಥಾನದಲ್ಲಿ ಕಂದಗಳ ವರ್ಗವನ್ನು ಓದುವಾಗ ಪಿಂಡಾಲುಕ, ಮಧ್ವಾಲುಕ, ಹಸ್ತ್ಯಾಲುಕ, ಕಾಷ್ಠಾಲುಕ, ಶಂಖಾಲುಕ, ರಕ್ತಾಲುಕ ಎಂಬ ಹೆಸರುಗಳನ್ನು ಕಂಡರೆ, ಪ್ರಾಚೀನ ಭಾರತದಲ್ಲಿ ಆರು ಬಗೆಯ ಆಲೂಗಡ್ಡೆಗಳಿದ್ದುವೆಂದು ಭ್ರಮಿಸುವುದು ಸಹಜ. ಅಲ್ಲಿ ಆಲುಕವು ಸಾಮಾನ್ಯವಾಚಕ. ಪೂರ್ವಪದಗಳು ಅದರ ಪ್ರಭೇದಗಳನ್ನು ಹೇಳುತ್ತವೆ. ಬಂಗಾಳಿಯಲ್ಲಿ ಸಿಹಿಗೆಣಸಿಗೆ ‘ಮಿಷ್ಟಿ ಆಲು’, ಬಳ್ಳಿಗಡ್ಡೆಗೆ ‘ಮೇಟೆ ಆಲು’ ಎನ್ನುವುದರಲ್ಲಿ ಆ ಸಾಮಾನ್ಯಾರ್ಥದ ನೆರಳು ಇನ್ನೂ ಉಳಿದಿದೆ. ಅಮರಕೋಶದಲ್ಲಿಯಾದರೋ ‘ಆಲು’ ಎಂಬುದು ಕರ್ಕರೀ, ಗಲಂತಿಕಾ ಎಂಬವುಗಳ ಜೊತೆಯಲ್ಲಿ ನೀರಿನ ಗಿಂಡಿಯ ಹೆಸರು. ಪಾರಸಿಯಲ್ಲಿ ‘ಆಲೂ’ ಒಂದು ಹುಳಿಹಣ್ಣಿನ ಹೆಸರು. ‘ಆಲೂಬುಖಾರ’ದಲ್ಲಿ ಇರುವುದು ಈ ಆಲೂವೇ ಹೊರತು ಗಡ್ಡೆಯಲ್ಲ.

ಕನ್ನಡನಾಡಿನ ಗ್ರಂಥಗಳಿಗೂ ಇದೇ ನ್ಯಾಯವು ಅನ್ವಯಿಸುತ್ತದೆ. ಇಮ್ಮಡಿ ಚಾವುಂಡರಾಯನ ‘ಲೋಕೋಪಕಾರ’ವು ೧೧ನೆಯ ಶತಮಾನದ್ದು, ಕಲ್ಯಾಣದ ಚಾಲುಕ್ಯ ಮುಮ್ಮಡಿ ಸೋಮೇಶ್ವರನ ‘ಮಾನಸೋಲ್ಲಾಸ’ವು ೧೨ನೆಯ ಶತಮಾನದ್ದು. ಎರಡರಲ್ಲಿಯೂ ಪಾಕದ ವಿಚಾರವಿದೆ. ಇವುಗಳಲ್ಲಿ ಬರುವ ಯಾವ ಕಂದದ ಹೆಸರಿಗೂ ಆಲೂಗಡ್ಡೆಯೆಂದಾಗಲಿ ಅಮೆರಿಕದ ಸಿಹಿಗೆಣಸೆಂದಾಗಲಿ ಅರ್ಥ ಬರೆಯುವುದು ಸಾಧ್ಯವಿಲ್ಲ. ಹಾಗೆ ಬರೆದ ಟೀಕಾಕಾರನು ಒಂದು ಪದವನ್ನು ಮಾತ್ರ ಕೆಡಿಸುವುದಿಲ್ಲ. ಗ್ರಂಥದ ಕಾಲವನ್ನೇ ಸಂಶಯಕ್ಕೆ ಒಡ್ಡುತ್ತಾನೆ.

ಇದೇ ತೊಡಕು ಪರದೇಶದವರ ಬರೆಹಗಳಲ್ಲಿಯೂ ಉಂಟು. ಜಹಾಂಗೀರನ ಆಸ್ಥಾನಕ್ಕೆ ಬಂದಿದ್ದ ಇಂಗ್ಲಿಷ್ ರಾಯಭಾರಿ ಥಾಮಸ್ ರೋ ಎಂಬವನಿಗೆ ಅಸಫ್ ಖಾನನು ಮಾಡಿಸಿದ ಔತಣವನ್ನು, ರಾಯಭಾರಿಯ ಪಾದ್ರಿಯಾಗಿದ್ದ ಎಡ್ವರ್ಡ್ ಟೆರಿಯು ೧೬೫೫ರಲ್ಲಿ ಅಚ್ಚಾದ ತನ್ನ ಪುಸ್ತಕದಲ್ಲಿ ವರ್ಣಿಸಿ ‘ಪೊಟೇಟೊ’ವನ್ನೂ ಹೆಸರಿಸಿದ್ದಾನೆ. ಭಾರತದಲ್ಲಿ ಆಲೂಗಡ್ಡೆಯ ಮೊದಲ ಉಲ್ಲೇಖವೆಂದು ಇದನ್ನು ಹಲವರು ಎತ್ತಿ ತೋರಿಸುತ್ತಾರೆ. ಆದರೆ ಆ ಕಾಲದ ಇಂಗ್ಲಿಷಿನಲ್ಲಿ ಆ ಶಬ್ದವು ಸಿಹಿಗೆಣಸಿಗೂ ಸಲ್ಲುತ್ತಿದ್ದುದರಿಂದ, ಶಬ್ದಮಾತ್ರದಿಂದ ವಸ್ತುವನ್ನು ನಿಶ್ಚಯಿಸಲಾಗದು.

೬

ಹಾಗಾದರೆ ಬಟಾಟೆಯ ನಿಜವಾದ ಅರ್ಥವು ಯಾವುದು? ಮೂಲದಲ್ಲಿ ಗೆಣಸೇ ಆಗಿದ್ದುದರಿಂದ ಸಿಂಹಳದವರೇ ಶುದ್ಧರು, ಕರಾವಳಿಯ ಕನ್ನಡಿಗರು ಅಪಭ್ರಷ್ಟರು ಎಂದು ಪೂರ್ವಪಕ್ಷ ಮಾಡಬಹುದು. ಅದು ನಿಲ್ಲುವುದಿಲ್ಲ. ಯವಾದಿ ಶಬ್ದಗಳಲ್ಲಿ ನಿರ್ಣಾಯಕವಾದ ಶಾಸ್ತ್ರವಿದೆ. ಬಟಾಟೆಗೆ ಅಂಥ ಶಾಸ್ತ್ರವಿಲ್ಲ. ಆದುದರಿಂದ ಇಲ್ಲಿ ಸಲ್ಲುವುದು ಪಿಕನೇಮದ ನ್ಯಾಯ: ಆಡುವ ಜನರ ಪ್ರಸಿದ್ಧಿಯೇ ಪ್ರಮಾಣ. ಮಂಗಳೂರಿನಲ್ಲಿ ಬಟಾಟೆಯೆಂದರೆ ಆಲೂಗಡ್ಡೆ. ಸಿಂಹಳದಲ್ಲಿ ಬತಲವೆಂದರೆ ಗೆಣಸು. ಹಳೇಕೋಟೆಯಲ್ಲಿ ಆ ಶಬ್ದವಿಲ್ಲದಿದ್ದರೂ ವಸ್ತುವಿಗೆ ಕೊರತೆಯಿಲ್ಲ. ಮೂರೂ ತಮ್ಮ ತಮ್ಮ ನೆಲದಲ್ಲಿ ಸಾಧುವೇ.

ಆ ನ್ಯಾಯಕ್ಕೆ ಇಂದಿನ ಪಂಡಿತನು ಸೇರಿಸಬೇಕಾದುದು ಒಂದೇ. ಪ್ರಸಿದ್ಧಿಗೆ ದೇಶವಿರುವಂತೆ ಕಾಲವೂ ಇದೆ. ಆದುದರಿಂದ ನಿಘಂಟನ್ನು ರಚಿಸುವವರು ಪ್ರತಿಯೊಂದು ಅರ್ಥದ ಮುಂದೆಯೂ ಅದು ಯಾವ ಸೀಮೆಯದು, ಎಂದಿನಿಂದ ಕಾಣಬರುತ್ತದೆ ಎಂಬುದನ್ನು ನಮೂದಿಸಬೇಕು. ಪಾಠ ಹೇಳುವವರು ಹಳೆಯ ಕಾವ್ಯಶಾಸ್ತ್ರಗಳಲ್ಲಿ ಪರಿಚಿತವಾದ ಕಾಯಿಪಲ್ಯದ ಹೆಸರು ಎದುರಾದಾಗ, ಅದು ಇಂದಿನ ವಸ್ತುವೇ ಎಂದು ಒಮ್ಮೆ ವಿಚಾರಿಸಿ ಮುಂದುವರಿಯಬೇಕು. ಹೀಗೆ ಮಾಡಿದಲ್ಲಿ ಅಡಿಗೆಯ ಮನೆಯ ಈ ಶಬ್ದವೂ ಗ್ರಂಥದ ಕಾಲನಿರ್ಣಯಕ್ಕೆ ಸಾಕ್ಷಿಯಾಗಬಲ್ಲದು.