ಇ-ಲೋಕ ಅದಾಲತ್, ವರ್ಚುವಲ್ ಕೋರ್ಟ್: ನೋಟಿಸ್‌ನಲ್ಲಿರುವ ಹೆಸರಿನ ಅರ್ಥ ಏನು?

ಚಿಕ್ಕಬಳ್ಳಾಪುರ: ಕೋವಿಡ್ ಕಾಲದಲ್ಲಿ ಕೋರ್ಟ್‌ಗಳಿಗೆ ಹೊಸ ಹೆಸರುಗಳು ಬಂದವು. ಅವು ಈಗಲೂ ನೋಟಿಸ್, ಮೆಸೇಜ್‌ಗಳಲ್ಲಿ ಕಾಣಿಸುತ್ತವೆ. ಚೆಕ್ ಬೌನ್ಸ್, ಸಾಲದ ತಗಾದೆ ಇರುವ ಅಂಗಡಿಯವರು ಇವುಗಳ ವ್ಯತ್ಯಾಸ ತಿಳಿದಿರಬೇಕು.

ನೈಟಿಂಗೇಲ್ ಕೋರ್ಟ್: ಇಂಗ್ಲೆಂಡ್‌ನಲ್ಲಿ 2020ರ ಜುಲೈನಿಂದ ಬೇರೆ ಕಟ್ಟಡಗಳಲ್ಲಿ ತೆರೆದ ತಾತ್ಕಾಲಿಕ ಕೋರ್ಟ್. ದಾದಿ ಫ್ಲಾರೆನ್ಸ್ ನೈಟಿಂಗೇಲ್ ಹೆಸರು ಇಟ್ಟರು. ನಮ್ಮಲ್ಲಿ ಈ ಹೆಸರಿನ ಕೋರ್ಟ್ ಇಲ್ಲ.

ಇ-ಲೋಕ ಅದಾಲತ್: ರಾಜ್ಯದಲ್ಲಿ 2020ರ ಸೆಪ್ಟೆಂಬರ್ 19ರಂದು ಆನ್‌ಲೈನ್‌ನಲ್ಲಿ ನಡೆದ ಅದಾಲತ್‌ನಲ್ಲಿ 1 ಲಕ್ಷಕ್ಕೂ ಹೆಚ್ಚು ಪ್ರಕರಣ ಇತ್ಯರ್ಥವಾದವು. ಇದು 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ ನಡೆಯುವ ಲೋಕ ಅದಾಲತ್ತೇ, ಹೊಸ ಕೋರ್ಟ್ ಅಲ್ಲ. ಇಬ್ಬರೂ ಒಪ್ಪಿದರೆ ಮಾತ್ರ ರಾಜಿ. ಒಪ್ಪದಿದ್ದರೆ, ಕೋರ್ಟ್‌ನಿಂದ ಬಂದ ಕೇಸ್ ವಾಪಸ್ ಅದೇ ಕೋರ್ಟಿಗೆ ಹೋಗುತ್ತದೆ. ರಾಜಿ ಆದರೆ ಅದು ಸಿವಿಲ್ ಕೋರ್ಟ್ ಡಿಕ್ರಿಗೆ ಸಮ, ಮೇಲ್ಮನವಿ ಇಲ್ಲ. ಆದ್ದರಿಂದ ಓದದೆ ಸಹಿ ಹಾಕಬಾರದು. ಕೋರ್ಟ್‌ನಲ್ಲಿದ್ದ ಕೇಸ್ ಆದರೆ ಕಟ್ಟಿದ ಕೋರ್ಟ್ ಶುಲ್ಕ ವಾಪಸ್ ಸಿಗುತ್ತದೆ.

ವರ್ಚುವಲ್ ಕೋರ್ಟ್: ಈ ಹೆಸರಿಗೆ ಎರಡು ಅರ್ಥ. ಒಂದು, ಮಾಮೂಲಿ ಕೋರ್ಟ್ ವಿಡಿಯೊದಲ್ಲಿ ವಿಚಾರಣೆ ಮಾಡೋದು. ಇನ್ನೊಂದು, ಸಂಚಾರ ದಂಡದ ಚಲನ್ ಇತ್ಯರ್ಥಕ್ಕೆ ಇರುವ ಪ್ರತ್ಯೇಕ ಆನ್‌ಲೈನ್ ಕೋರ್ಟ್.

ಹೆಸರು ಗುರುತಿಸೋದು ಹೇಗೆ: ಇಂಗ್ಲಿಷ್‌ನಲ್ಲಿ ದೊಡ್ಡಕ್ಷರ ನೋಡಿ ಇದು ಒಂದು ಕೋರ್ಟಿನ ಅಂಕಿತನಾಮ, ಬರೀ ವಿವರಣೆ ಅಲ್ಲ ಅಂತ ಹೇಳಬಹುದು. ಕನ್ನಡ ಲಿಪಿಯಲ್ಲಿ ದೊಡ್ಡಕ್ಷರ, ಚಿಕ್ಕಕ್ಷರ ಇಲ್ಲ. ‘ವಿಶೇಷ ನ್ಯಾಯಾಲಯ’, ‘ಆನ್‌ಲೈನ್ ಕೋರ್ಟ್’ ಅಂತ ಯಾರು ಬರೆದರೂ ಒಂದೇ ಥರ ಕಾಣುತ್ತದೆ. ಆದ್ದರಿಂದ ಪೂರ್ತಿ ಹೆಸರು ಹುಡುಕಬೇಕು. ಕೋರ್ಟ್‌ನ ದರ್ಜೆ (ಉದಾಹರಣೆಗೆ ಹಿರಿಯ ಸಿವಿಲ್ ನ್ಯಾಯಾಧೀಶರು), ಊರು, ಕೇಸ್ ನಂಬರ್, ಹಾಜರಾಗುವ ದಿನಾಂಕ ಇರಬೇಕು. ಕೋರ್ಟ್‌ನಲ್ಲಿ ದಾಖಲಾದ ಪ್ರತಿ ಕೇಸ್‌ಗೂ 16 ಅಕ್ಷರ-ಅಂಕಿಗಳ ಸಿಎನ್‌ಆರ್ ಸಂಖ್ಯೆ ಇರುತ್ತದೆ. ಅದನ್ನು ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹಾಕಿದರೆ ಕೇಸ್ ಯಾವ ಕೋರ್ಟ್‌ನಲ್ಲಿದೆ ಅಂತ ಗೊತ್ತಾಗುತ್ತದೆ.

ಕೇಸ್ ದಾಖಲಾಗುವ ಮೊದಲೇ ರಾಜಿಗೆ ಕರೆಯುವ ಅದಾಲತ್ ನೋಟಿಸ್‌ಗೆ ಸಿಎನ್‌ಆರ್ ಇರಲಿಕ್ಕಿಲ್ಲ. ಅಂಥದ್ದು ಬಂದರೆ ಹೆದರಿ ಹಣ ಕಟ್ಟಬೇಡಿ, ಕಸದ ಬುಟ್ಟಿಗೂ ಹಾಕಬೇಡಿ. ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟದವರು ತಮ್ಮೂರ ಕೋರ್ಟ್ ಆವರಣದಲ್ಲಿ ಕಾನೂನು ಸೇವೆಗಳ ಕಚೇರಿಗೆ ಆ ಕಾಗದ ತೋರಿಸಿ ಕೇಳಬಹುದು. ಕಾನೂನು ನೆರವಿನ ಸಹಾಯವಾಣಿ 15100.